ಲಕ್ಕಪ್ಪನ ಮನೆಗೆ ಬಂದ ಬಳೆಗಾರ

ತುಕ್ಕಾನಟ್ಟಿಯ ಲಕ್ಕಪ್ಪ ಕಬ್ಬಿನ ಗಾಡಿ ಹೊಡೆಯುವವನು. ಎತ್ತುಗಳ ಮೇಲೆ ಎಂದೂ ಬಾರುಕೋಲು ಎತ್ತಿದವನಲ್ಲ. ಹೆಂಡತಿ ಕಾಶೆವ್ವನ ಮೇಲೆ ಮಾತ್ರ ಅವನ ಕೈ ತಡೆಯುತ್ತಿರಲಿಲ್ಲ. ಅವಳು ಯಾರೊಡನೆ ನಕ್ಕರೂ ಅವನ ಹೊಟ್ಟೆ ಉರಿಯುತ್ತಿತ್ತು. ಎಲ್ಲರಿಗಿಂತ ಹೆಚ್ಚಾಗಿ ಅವನಿಗೆ ಕಂಡರಾಗದವನು ಬಳೆಗಾರ ಕರೆಪ್ಪ. ಅರವತ್ತು ದಾಟಿದ ಮುದುಕನೇನೋ ಹೌದು. ಆದರೂ ಅವನು ಕಾಶೆವ್ವನ ಕೈ ಹಿಡಿದು, ಒತ್ತಿ ಮೆತ್ತಗೆ ಮಾಡಿ ಹಸಿರು ಬಳೆ ಏರಿಸುವಾಗ ಅವಳು ನೋವಿಗೆ ಮುಖ ಕಿವುಚಿದರೂ ಲಕ್ಕಪ್ಪನ ಕಣ್ಣಿಗೆ ಅದು ನಗುವಿನಂತೆಯೇ ಕಾಣುತ್ತಿತ್ತು. ಕರೆಪ್ಪ ಹೊರಟ ಮೇಲೆ ಜಗಳ, ಜಗಳದಲ್ಲಿ ಹೊಡೆತ, ಹೊಡೆತಕ್ಕೆ ಬಳೆಗಳೆಲ್ಲ ಚೂರು.

೧೯೫೪ರ ಶ್ರಾವಣದಲ್ಲಿ ಕರೆಪ್ಪ ಮತ್ತೆ ಅವರ ಮನೆಯ ಕಟ್ಟೆಗೆ ಬಂದು ಕುಳಿತಾಗ ಲಕ್ಕಪ್ಪ ಹಲ್ಲು ಕಡಿದ.

"ಏನೋ ಮುದುಕಾ, ನನ್ನ ಮನಿ ಬಿಟ್ರ ನಿನಗ ಬ್ಯಾರೆ ಮನಿ ಇಲ್ಲೇನು?"

"ಉಳಿದವರ ಮನಿಗೆ ವರ್ಷಕ್ಕ ಎರಡ ಸಲ ಬರ್ತೇನಿ. ನಿಮ್ಮ ಮನಿಗೆ ಈ ತಿಂಗಳದಾಗ ಇದು ಮೂರನೇ ಸಲ. ಬಳಿ ಒಡದು ನನ್ನ ಕರಸಾಕತ್ತಾಂವ ನೀನ ಅಲ್ಲೇನಪಾ ಲಕ್ಕಪ್ಪ?"

ಬಳೆ ತೊಡಲು ಕುಳಿತಿದ್ದ ಕಾಶೆವ್ವ ಚಾಚಿದ ಕೈಯನ್ನು ಹಿಂದಕ್ಕೆಳೆದುಕೊಂಡಳು.

"ಬ್ಯಾಡ್ರಿ ಕಾಕಾ. ಇವ್ರು ಹೊಡಿಯೂದು ಬಿಟ್ಟ ದಿನ ಕರಸ್ತೇನಿ."

ಬರಿಗೈಯಲ್ಲೇ ಕೊಡ ಎತ್ತಿಕೊಂಡು ಬಾವಿಗೆ ನಡೆದಳು.

ಗಂಡ ಸತ್ತವಳಷ್ಟೇ ಬರಿಗೈಯಲ್ಲಿ ಓಡಾಡುವ ಊರು ಅದು. ಸ್ವಲ್ಪ ಹೊತ್ತಿಗೆ, ಕಟ್ಟೆಯ ಮೇಲೆ ಕುಳಿತೇ ಇದ್ದ ಲಕ್ಕಪ್ಪನಿಗೆ ಬಾವಿಯ ಕಡೆಯಿಂದ ಹೆಂಗಸೊಬ್ಬಳು ಗಾಬರಿಯಿಂದ ಕೂಗಿದ್ದು ಕೇಳಿಸಿತು:

"ಅಯ್ಯ ಶಿವನ! ಲಕ್ಕಪ್ಪ ಯಾವಾಗ ಸತ್ತನ ಯವ್ವಾ?"