ಯಸ್ ಒತ್ತುವ ಹಸಮುಖಭಾಯಿ

ತಕ್ಕಡಿಗೆ ಹಾಕಿದರೆ ಕಂಪ್ಯೂಟರ್ ರಿಪೇರಿಯ ಹಸಮುಖಭಾಯಿ ಮುಕ್ಕಾಲು ಪಾಲು ಮಾತು, ಉಳಿದದ್ದು ಸ್ಕ್ರೂಡ್ರೈವರ್ ಎಂದು ಗುಜರಾತಿನ ಉಧ್ನಾದಲ್ಲಿರುವ ಉಡುಪಿ ಹೋಟೆಲಿನ ಹಯವದನ ರಾಯರು ಮೊದಲ ದಿನವೇ ಅಂದಾಜು ಕಟ್ಟಿದ್ದರು. ಯಾವ ಕಾಯಿಲೆಗೂ ಅವನದು ಒಂದೇ ಮದ್ದು: "ಅಣ್ಣಾ, ಜಾಗ ಸಾಲದು, ಸ್ವಲ್ಪ ಅಳಿಸೋಣ." ಕಂಪ್ಯೂಟರು ಪ್ರಶ್ನೆ ಕೇಳಿ ಮುಗಿಸುವ ಮೊದಲೇ 'ಯಸ್' ಒತ್ತುವ ಬೆರಳು ಅವನದು. ಮೊನ್ನೆ ರಾಯರ ಕಂಪ್ಯೂಟರಿನಿಂದ ಒಂದು ಕಾರಿನ ಆಟ ತೆಗೆಯುವಾಗ, "ಈ ಫೈಲನ್ನು ಬೇರೆ ಪ್ರೋಗ್ರಾಮುಗಳೂ ಬಳಸುತ್ತಿರಬಹುದು, ಅಳಿಸಲೇ?" ಎಂದು ಅದು ಅಂಗಲಾಚಿದರೂ ಒತ್ತಿಯೇಬಿಟ್ಟ. ಧ್ವನಿ ನುಡಿಸುವ, ನಿಲ್ಲಿಸುವ ಫೈಲು ಅದು. ರಾಯರ ಮಗಳು ಮೇದಿನಿಗೆಂದು ಅವಳ ಅಜ್ಜಿ ಮೈಕಿನಲ್ಲಿ ಹೇಳಿ ಅದರಲ್ಲಿ ಇಟ್ಟುಹೋಗಿದ್ದ ಕನ್ನಡ ಕಥೆಗಳೆಲ್ಲ ಮೂಕವಾದವು. ಗುಜರಾತಿ ಬಿಟ್ಟು ಬೇರೆ ಮಾತಾಡದ ಆ ಹುಡುಗಿಯ ಕಿವಿಗೆ ಒಂದಿಷ್ಟು ಕನ್ನಡ ಬೀಳಲೆಂದು ರಾಯರು ನಂಬಿಕೊಂಡಿದ್ದದ್ದು ಆ ಕಥೆಗಳನ್ನೇ. "ದೋಸೆ ಬೇಡವೆಂದರೆ ಇಡ್ಲಿಗೂ ರುಬ್ಬುವ ಗ್ರೈಂಡರನ್ನೇ ಗುಜರಿಗೆ ಹಾಕ್ತೀಯೇನಯ್ಯಾ?" ಎಂದು ಅವರು ಗುಡುಗಿದರು. "ಥಈ ಜಶೆ ಅಣ್ಣಾ," ಆಗಿಹೋಗುತ್ತೆ ಬಿಡಿ ಎಂದು ಅವನು ಗುಜರಾತಿಯಲ್ಲೇ ಹೇಳಿ ನಕ್ಕ. ಕಂಡಕಂಡವರ ಕಂಪ್ಯೂಟರಿನಿಂದ ಅದೇ ಹೆಸರಿನ ಫೈಲುಗಳನ್ನು ಫ್ಲಾಪಿಯಲ್ಲಿ ತಂದು ತಂದು ಹಾಕಿದ. ಒಂದರಲ್ಲಿ ಅಜ್ಜಿ ತೊದಲಿದರು, ಇನ್ನೊಂದರಲ್ಲಿ ಅರ್ಧಕ್ಕೇ ನಿಂತರು. ಮಾತು ಸರಿಯಾಗಿ ಬರುತ್ತಿದೆಯೋ ಎಂದು ತಿಳಿಯಲು ಅವನಿಗೆ ಕನ್ನಡ ಬಾರದು. ಮೇದಿನಿಯನ್ನೇ ಪಕ್ಕದಲ್ಲಿ ಕೂರಿಸಿಕೊಂಡು, "ಬೇಟಾ, ದಾದೀ ಈಗ ಏನಂದ್ರು?" ಎಂದು ಒಂದೊಂದು ವಾಕ್ಯಕ್ಕೂ ಕೇಳಿದ. ಅವಳು ಗುಜರಾತಿಯಲ್ಲಿ ಹೇಳುತ್ತಾ ಹೋದಳು, ಕಥೆಯಲ್ಲಿ ನರಿ ಬೈದ ಬೈಗುಳವನ್ನೂ ಬಿಡಲಿಲ್ಲ. ರಾಯರ ಸಿಟ್ಟೇನೋ ಇನ್ನೂ ಇಳಿದಿಲ್ಲ. ಆದರೂ ಮಗಳಿಗೆ ಕನ್ನಡ ಪೂರಾ ಅರ್ಥವಾಗುತ್ತದೆಂದು ಅವರಿಗೆ ತೋರಿಸಿಕೊಟ್ಟವನು ಹಸಮುಖಭಾಯಿ. ಆ ಋಣ ರಾಯರ ಮೇಲಿದೆ.