ಶುಕ್ರವಾರ ಬಂದ್ ಆಗದ ಕಂಪ್ಯೂಟರ್

ಬಿಸಿ ಜೋಳದ ಹಿಟ್ಟಿನ ವಾಸನೆ ಬಂದರೆ ನನ್ನ ಕೈ ತಾನಾಗಿ ಕೀಲಿಮಣೆಯ ಕಡೆ ಹೋಗುತ್ತದೆ. ಈಗಲೂ ಹೋಯಿತು ನೋಡಿ. ಇದು ಸಿಂದಗಿಯ ನಮ್ಮ ಝೆರಾಕ್ಸ್ ಅಂಗಡಿಯಲ್ಲಿ ಅಂಟಿಕೊಂಡ ಚಾಳಿ.

ಅಂಗಡಿ ಕಾಕಾನದು. ಪಿಯುಸಿ ಓದುವಾಗ, ನಾನು ಮುಟ್ಟಬಹುದಾಗಿದ್ದ ಕಂಪ್ಯೂಟರ್ ಊರಲ್ಲಿ ಅದೊಂದೇ. ಮೊಬೈಲಿನಲ್ಲಿ ವಿಡಿಯೊ ನೋಡುತ್ತ ಅದರ ಮೇಲೆ ಪ್ರೋಗ್ರಾಂ ಬರೆಯಲು ಕಲಿಯುತ್ತಿದ್ದೆ. ಆದರೆ ಗಿರಾಕಿಯ ಅರ್ಜಿ ಅರ್ಧ ತುಂಬಿರುವಾಗಲೇ ಅದು ಪಟ್ಟನೆ ಆರಿಹೋಗುತ್ತಿತ್ತು.

"ಇದನ್ನ ಗುಜರಿಗೆ ಹಾಕ್ತೇನಿ. ಬರೇ ಝೆರಾಕ್ಸ್ ಸಾಕು," ಎಂದ ಕಾಕಾ.

ನಾನು ಕಂಪ್ಯೂಟರಿಗೆ ಅಡ್ಡ ನಿಂತೆ. "ಎರಡ್ ವಾರ ತಡಿ ಕಾಕಾ. ಯಾಕ ಬಂದ್ ಆಗ್ತೈತಿ, ಹುಡಕ್ತೇನಿ."

"ನೀ ಏನ್ ಅದರ ಡಾಕ್ಟರೇನಲೇ?"

ಡಾಕ್ಟರ್ ಅಲ್ಲ, ಆದರೂ ನಾಡಿ ಹಿಡಿಯುವ ಸಣ್ಣ ಪ್ರೋಗ್ರಾಂ ಬರೆದೆ. ಎಷ್ಟೊತ್ತಿಗೆ ಆನ್ ಆಯಿತು, ಎಷ್ಟೊತ್ತಿಗೆ ಆಫ್ ಆಯಿತು, ನಾವು ಬಂದ್ ಮಾಡಿದೆವೋ ಅದೇ ಸತ್ತಿತೋ, ಎಲ್ಲ ದಾಖಲಾಗುತ್ತಿತ್ತು. ಊರವರೆಲ್ಲ ಬಂದು ನೋಡಿಕೊಂಡು ಹೋಗಬೇಕು ಎನ್ನುವಷ್ಟು ಗತ್ತು ನನಗೆ! ಎರಡು ವಾರದ ಮೇಲೆ ನೋಡಿದರೆ, ದಿನವೂ ಸಾವು. ಶುಕ್ರವಾರ ಮಾತ್ರ ಒಂದೂ ಇಲ್ಲ. ಶುಕ್ರವಾರ ಏನಿರುವುದಿಲ್ಲ? ತಲೆ ಕೆರೆದುಕೊಳ್ಳುತ್ತ ಕೂತಾಗ ಪಕ್ಕದಿಂದ ಇದೇ ವಾಸನೆ ಬಂತು.

ಶುಕ್ರವಾರ ಹುಸೇನಬಿ ಚಾಚಿಯ ಹಿಟ್ಟಿನ ಗಿರಣಿಗೆ ರಜೆ! ಉಳಿದ ದಿನ ಅವಳ ಮೋಟರ್ ಸುರುವಾಗುವ ಗಳಿಗೆಯಲ್ಲಿ ಕರೆಂಟು ಕುಗ್ಗಿ ನಮ್ಮ ಮುದಿ ಕಂಪ್ಯೂಟರ್ ಉಸಿರು ಬಿಡುತ್ತಿತ್ತು. ಆ ಸದ್ದು ಕೇಳಿ ಕೇಳಿ ನಮ್ಮ ಕಿವಿಗೆ ಬೀಳುವುದನ್ನೇ ಬಿಟ್ಟಿತ್ತು.

ಹೋಗಿ ಹೇಳಿದೆ.

"ಹಂಗಾರ ಗಿರಣಿ ನಿಲ್ಲಸ್ಲೇನು? ಮಂದಿ ರೊಟ್ಟಿ ಬದ್ಲಿ ನಿನ್ನ ಡಬ್ಬಿ ತಿಂತಾರೇನು?"

"ನಿಲ್ಲಸಬ್ಯಾಡ್ರಿ ಚಾಚಿ. ಹಾಕೂ ಮುಂದ ಒಮ್ಮಿ ಒದರ್ರಿ, ಸಾಕು."

ಒಂದೇ ಗುಂಡಿ ಒತ್ತಿದರೆ ತುಂಬಿದ್ದನ್ನೆಲ್ಲ ಉಳಿಸಿಕೊಂಡು ಕಂಪ್ಯೂಟರ್ ಮಲಗುವಂತೆ ಮಾಡಿದೆ. ಗೋಡೆಯಾಚೆಯಿಂದ ಚಾಚಿ "ಹಾಕ್ಲೇನೋ?" ಎಂದು ಕೇಳಿದರೆ ಒತ್ತುತ್ತಿದ್ದೆ, ಪರದೆ ಕಪ್ಪಾದ ಮೇಲೆ "ಹಾಕ್ರಿ!" ಎನ್ನುತ್ತಿದ್ದೆ. ಮೋಟರ್ ಓಡತೊಡಗಿದಾಗ ಮತ್ತೆ ಎಬ್ಬಿಸುತ್ತಿದ್ದೆ. ಗಿರಾಕಿಗಳೂ ಕಲಿತರು: "ಏ ತಮ್ಮಾ, ಚಾಚಿ ಒದರಿದ್ಲು, ಮಲಗಸು ಅದನ್ನ." ಗುಜರಿಯ ಮಾತು ನಿಂತಿತು.

ಇವತ್ತು ಕಾಕಾ ಯುಪಿಎಸ್ ತಂದು ಹಚ್ಚಿದ್ದಾನೆ. ಇನ್ನು ಕರೆಂಟು ಕುಗ್ಗಿದರೂ ಚಿಂತೆಯಿಲ್ಲ. "ಒದರೂದು ಬ್ಯಾಡಂತ ಚಾಚಿಗೆ ಹೇಳಿ ಬಾ," ಎಂದ.

ಹೋದೆ. ಚಾಚಿ ಜೋಳ ಸುರಿದು, ಹಿಂದೆ ನಿಂತ ನನ್ನನ್ನು ನೋಡದೆ, ಗೋಡೆಯತ್ತ ಮುಖ ಮಾಡಿ "ಹಾಕ್ಲೇನೋ?" ಎಂದಳು. ಸ್ವಿಚ್ಚಿನ ಮೇಲೆ ಕೈಯಿಟ್ಟು ಕಾದಳು. ಹಿಟ್ಟಿಗೆ ಬಂದ ಮಂದಿಯೂ ಸುಮ್ಮನೆ ಕಾದರು.

"ಹಾಕ್ರಿ ಚಾಚಿ," ಎಂದೆ.

"ಅಯ್ಯ, ಇಲ್ಲೇ ಅದೀಯಲ್ಲೋ! ಮತ್ತ ಗುಂಡಿ ಯಾರ ಒತ್ತಿದ್ರು?"

ಯುಪಿಎಸ್ ಮಾತು ಎತ್ತಲೇ ಇಲ್ಲ. "ಕಾಕಾ," ಎಂದುಬಿಟ್ಟೆ.

ಅಂಗಡಿಗೆ ಬಂದು ನೋಡಿದರೆ ಪರದೆ ಕಪ್ಪಗಿತ್ತು. ಕಾಕಾ ನಿಜಕ್ಕೂ ಒತ್ತಿದ್ದ.