ಊದಿ ಊದಿಯೇ ತಿನ್ನಬೇಕಾದ ಗೆಣಸು

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಹೊಲಿಗೆ ಕಾರ್ಖಾನೆಯ ಹಿಂಬದಿಯ ತಗಡಿನ ಅಡುಗೆಮನೆಯಲ್ಲಿ ಬಿಸಿಯಕ್ಕ ಗೋಣಿಚೀಲ ಬಗ್ಗಿಸಿ ಗೆಣಸು ಸುರಿಯುತ್ತಿದ್ದಾರೆ. ಒಂದೊಂದನ್ನೂ ನಾರಿನಿಂದ ತಿಕ್ಕುತ್ತಾರೆ, ತಿಕ್ಕುತ್ತಲೇ ಬೈಯುತ್ತಾರೆ. ಬೈಗುಳ ಗೆಣಸಿಗಲ್ಲ, ಗೋಡೆಯಾಚೆಗಿನ ಆಫೀಸಿಗೆ.

"ನಾಳೆ ಮತ್ತೆ ಗೆಣಸು ಕಂಡರೆ ನಾಡಿದ್ದಿಂದ ನೀವು ಬರೋದೇ ಬೇಡ" ಎಂದು ಮ್ಯಾನೇಜರು ನಿನ್ನೆ ಹೇಳಿ ಕಳಿಸಿದ್ದಾರೆ. ಆ ನಾಳೆ ಈಗ ಬಂದಿದೆ. ಗೆಣಸೂ ಬಂದಿದೆ.

ಅವರ ನಿಜವಾದ ಹೆಸರು ಇಲ್ಲಿ ಯಾರಿಗೂ ನೆನಪಿಲ್ಲ. "ಬಿಸಿ, ಬಿಸಿ, ದಾರಿ ಬಿಡ್ರೇ" ಎಂದು ಕೂಗುತ್ತ ಪಾತ್ರೆ ಹೊತ್ತು ಬರುತ್ತಾರೆಂದು ಹೊಲಿಯುವ ಹೆಣ್ಣುಮಕ್ಕಳು ಇಟ್ಟ ಹೆಸರು ಇದು. ಕೋಪವೂ ಮೂಗಿನ ತುದಿಯಲ್ಲೇ ಇರುವುದರಿಂದ ಗಟ್ಟಿಯಾಗಿ ಅಂಟಿಕೊಂಡಿದೆ.

ಗೆಣಸನ್ನು ಸಿಪ್ಪೆ ಸಮೇತ ಭಟ್ಟಿಯಲ್ಲಿ ಸುಡುತ್ತಾರೆ. ಉದ್ದಕ್ಕೆ ಸೀಳಿ, ಒಳಗಿನದನ್ನು ಅರ್ಧ ತೋಡಿ, ಬೇಯಿಸಿದ ರಾಜ್ಮಾ, ಸಣ್ಣಗೆ ಹೆಚ್ಚಿದ ಅನಾನಸ್, ಈರುಳ್ಳಿ, ಹಸಿಮೆಣಸಿನಕಾಯಿ ಸೇರಿಸಿ ಕಲಸುತ್ತಾರೆ. ನಿಂಬೆ ಹಿಂಡಿ, ಮತ್ತೆ ಗೆಣಸಿನೊಳಗೇ ತುಂಬಿ, ಊಟದ ಸೈರನ್ ಆಗುವ ತನಕ ಭಟ್ಟಿಯಲ್ಲೇ ಇಡುತ್ತಾರೆ. ಕ್ಯಾಂಟೀನು ಇಲ್ಲದ ಕಾಲದಲ್ಲಿ ಒಬ್ಬಳ ಡಬ್ಬಿಯಲ್ಲಿ ಕಾಳು, ಇನ್ನೊಬ್ಬಳದರಲ್ಲಿ ಹಣ್ಣು, ಮತ್ತೊಬ್ಬಳದರಲ್ಲಿ ಸುಟ್ಟ ಗೆಣಸು ಇರುತ್ತಿತ್ತಂತೆ. ಮೂರೂ ಒಂದೇ ತಟ್ಟೆಗೆ ಬೀಳುತ್ತಿದ್ದವಂತೆ. "ನಾನೇನು ಕಂಡುಹಿಡಿದಿಲ್ಲ. ಅವರ ಡಬ್ಬಿಗಳನ್ನೇ ಗೆಣಸಿನ ಹೊಟ್ಟೆಗೆ ತುಂಬಿದೆ, ಅಷ್ಟೆ" ಎನ್ನುತ್ತಾರೆ.

ದಿನಕ್ಕೆ ಇನ್ನೂರಕ್ಕೂ ಹೆಚ್ಚು ಗೆಣಸು. ಮುಂಗೈಯ ತುಂಬ ಸುಟ್ಟ ಕಲೆಗಳು. ಗಂಡ ತೀರಿಕೊಂಡ ಮೇಲೆ ತಂಗಿಯ ಜತೆ ಒಂದೇ ಕೋಣೆಯಲ್ಲಿ ವಾಸ. ತಂಗಿ ಇದೇ ಕಾರ್ಖಾನೆಯಲ್ಲಿ ಕಾಲರ್ ಹೊಲಿಯುತ್ತಾಳೆ.

ಕಳೆದ ತಿಂಗಳು ಅರ್ಧ ಗಂಟೆಯ ಊಟದ ಬಿಡುವು ಕಾಲು ಗಂಟೆಯಾಯಿತು. ಯಾಕೆಂದು ಯಾರೂ ಹೇಳಲಿಲ್ಲ, ಯಾರನ್ನೂ ಕೇಳಲಿಲ್ಲ. ಅಷ್ಟರಲ್ಲಿ ಕೈ ತೊಳೆಯಬೇಕು, ಸಾಲಿನಲ್ಲಿ ನಿಲ್ಲಬೇಕು, ತಿನ್ನಬೇಕು, ಬಚ್ಚಲಿಗೂ ಹೋಗಿ ಬರಬೇಕು. ಆದೇಶ ಹೊರಡಿಸಿದವರಿಗೆ ಇದು ಹೊಳೆದಿರಲಾರದು. ಅವರ ಊಟ ಅವರ ಮೇಜಿಗೇ ಬರುತ್ತದೆ, ಬಂದ ಮೇಲೆ ಬಾಗಿಲು ಮುಚ್ಚಿಕೊಳ್ಳುತ್ತದೆ.

ಮೂರನೇ ದಿನ ತಂಗಿ ಬಾಯಲ್ಲಿ ತುತ್ತು ಇಟ್ಟುಕೊಂಡೇ ಯಂತ್ರಕ್ಕೆ ಓಡಿದಳು. ತುತ್ತು ಗಂಟಲಿಗೆ ಸಿಕ್ಕಿತು, ಕಣ್ಣು ಮೇಲೆ ಹೋಯಿತು. ಪಕ್ಕದವಳು ಬೆನ್ನಿಗೆ ಗುದ್ದಿದ ಮೇಲೆ ಉಸಿರು ಬಂತು. ಸೂಪರ್‌ವೈಸರ್ ಓಡಿ ಬಂದದ್ದು ಬಿಳಿ ಬಟ್ಟೆಗೆ ಕಲೆಯಾಯಿತೇ ಎಂದು ನೋಡಲು.

"ನನ್ನ ತಂಗಿ ಜೀವ ಹೋಗ್ತಿತ್ತು, ಅವನು ಕಾಲರ್ ತಿರುಗಿಸಿ ನೋಡ್ತಿದ್ದ," ಎನ್ನುವಾಗ ಬಿಸಿಯಕ್ಕನ ಕೈಯ ಸೌಟು ಪಾತ್ರೆಗೆ ಬಡಿಯುತ್ತದೆ. "ಮೈಯೆಲ್ಲಾ ಉರಿದುಹೋಯ್ತು. ಅನ್ನ ಮಾಡಿದ್ರೆ ಗಬಗಬ ನುಂಗಿ ಓಡ್ತಾರೆ. ಓಡೋಕೇ ಆಗಬಾರದು, ಅಂಥದ್ದು ಮಾಡ್ತೀನಿ ಅಂದ್ಕೊಂಡೆ."

ಅಂದಿನಿಂದ ದಿನವೂ ಗೆಣಸು. ಮೇಲೆ ಆರಿದಂತೆ ಕಂಡರೂ ಒಳಗೆ ಕೆಂಡ. ಊದದೆ ಬಾಯಿಗಿಟ್ಟರೆ ನಾಲಿಗೆ ಸುಟ್ಟುಹೋಗುತ್ತದೆ. ಊದುತ್ತ ಕೂತರೆ ಬಿಡುವು ತಾನಾಗಿಯೇ ಅರ್ಧ ಗಂಟೆಗೆ ಹಿಗ್ಗುತ್ತದೆ. ಆಫೀಸಿನವರಿಗೆ ಇದು ಅರ್ಥವಾಗಲು ಮೂರು ವಾರ ಹಿಡಿಯಿತು.

ಇಂದೂ ಭಟ್ಟಿಯ ಬಾಗಿಲು ತೆರೆಯುವುದು ಸೈರನ್ ಕೂಗಿದ ಮೇಲೆಯೇ. ತಟ್ಟೆಗಳು ಹೋಗುತ್ತವೆ. ಉದ್ದನೆಯ ಬೆಂಚುಗಳ ಮೇಲೆ ಎಲ್ಲರೂ ಊದುತ್ತಾರೆ. ಎರಡನೇ ಸೈರನ್ ಆಗುತ್ತದೆ, ಯಾರೂ ಏಳುವುದಿಲ್ಲ. ಬಾಗಿಲಲ್ಲಿ ಮ್ಯಾನೇಜರು.

"ಏನಿದು? ಏಳಿ ಎಲ್ಲರೂ!"

"ಸುಡ್ತಿದೆ ಸರ್, ಆರಲಿ, ತಿಂದು ಬರ್ತೀವಿ," ಎಂದವಳು ತಂಗಿ. ಮತ್ತೊಮ್ಮೆ ಊದುತ್ತಾಳೆ. ಕೂತೇ ಇದ್ದಾಳೆ.

ಬಿಸಿಯಕ್ಕ ಒಂದು ತಟ್ಟೆ ಹಿಡಿದು ಮ್ಯಾನೇಜರ ಮುಂದೆ ನಿಲ್ಲುತ್ತಾರೆ. "ನಾಳೆ ಬರಬೇಡ ಅಂತೀರಲ್ಲ, ಇವತ್ತು ತಿಂದೇ ಹೇಳಿ ಸರ್. ಕಾಲು ಗಂಟೇಲಿ ಮುಗಿಸಿ, ನೋಡೋಣ."

ಅವರು ತಟ್ಟೆ ಮುಟ್ಟುವುದಿಲ್ಲ. ಮುಖ ಕೆಂಪಗೆ ಮಾಡಿಕೊಂಡು ಗಡಿಯಾರ ನೋಡುತ್ತಾರೆ, ಬೆಂಚುಗಳತ್ತ ನೋಡುತ್ತಾರೆ, "ನಾಳೆ ನೋಡ್ಕೋತೀನಿ" ಎಂದು ಹೊರಟುಹೋಗುತ್ತಾರೆ.

ನಾಳೆ ಕೆಲಸ ಉಳಿದಿರುತ್ತದೋ ಇಲ್ಲವೋ ಬಿಸಿಯಕ್ಕನಿಗೆ ಗೊತ್ತಿಲ್ಲ. ಭಯವಿಲ್ಲವೇ ಎಂದರೆ, "ಇಲ್ದೆ ಏನು? ಬಾಡಿಗೆ ಮನೆ" ಎನ್ನುತ್ತಾರೆ. ಆದರೂ ಗೆಣಸಿನವನಿಗೆ ಫೋನು ಮಾಡಿ ನಾಳೆಗೆ ಚೀಲ ಹೇಳಿದ್ದಾರೆ. ಭಟ್ಟಿ ಹೊತ್ತಿಸುವುದನ್ನು ಬೆಂಚಿನ ಹುಡುಗಿಯರಲ್ಲಿ ನಾಲ್ವರು ಆಗಲೇ ಕಲಿತಿದ್ದಾರೆ.

ಆಸೆ ಏನು ಎಂದು ಕೇಳಿದರೆ ನಲ್ಲಿಯತ್ತ ಗದ್ದ ಎತ್ತಿ ತೋರಿಸುತ್ತಾರೆ. ಅಲ್ಲಿ ತಂಗಿ ಸೋಪು ಹಚ್ಚಿ ಕೈ ತೊಳೆಯುತ್ತಿದ್ದಾಳೆ.

"ನೋಡಿ, ಅಗಿದು ತಿಂದು ಎದ್ದಿದ್ದಾಳೆ. ದಿನಾ ಇಷ್ಟಾದ್ರೆ ಸಾಕು."